ತೂಕದ ಕೊಠಡಿಯ ಮೂರನೇ ಅಡ್ಮಿನ್: ಮಂಡ್ಯದ ಒಂದು ರೈಸ್ ಮಿಲ್ಲಿನ ಪ್ರಕರಣ

ಮಿಲ್ಲು, ಸಾಫ್ಟ್‌ವೇರ್ ಕೊಟ್ಟವರು, ಅಲ್ಲಿ ಕೆಲಸ ಮಾಡುವವರು ಯಾರೆಂದು ಗೊತ್ತಾಗದಂತೆ ಈ ಬರಹದಲ್ಲಿ ಕೆಲವು ವಿವರಗಳನ್ನು ಬದಲಿಸಲಾಗಿದೆ. ತಾಂತ್ರಿಕ ಸಂಗತಿಗಳು ಇದ್ದ ಹಾಗೆಯೇ ಇವೆ.

ಹಿನ್ನೆಲೆ

ಮಂಡ್ಯ ಜಿಲ್ಲೆಯ ಒಂದು ಖಾಸಗಿ ರೈಸ್ ಮಿಲ್ಲು. ಗೇಟಿನ ಪಕ್ಕದಲ್ಲೇ ವೇ ಬ್ರಿಡ್ಜ್, ಅದಕ್ಕೆ ಅಂಟಿಕೊಂಡಂತೆ ತೂಕದ ಕೊಠಡಿ. ಭತ್ತದ ಟ್ರ್ಯಾಕ್ಟರ್ ಬಂದಾಗ ಒಮ್ಮೆ ತುಂಬಿದ ತೂಕ, ಇಳಿಸಿದ ಮೇಲೆ ಖಾಲಿ ಗಾಡಿಯ ತೂಕ, ಎರಡನ್ನೂ ಕಳೆದು ನಿವ್ವಳ ತೂಕದ ಚೀಟಿ. ಲೋಡ್ ಸೆಲ್‌ಗಳಿಂದ ಇಂಡಿಕೇಟರಿಗೆ, ಇಂಡಿಕೇಟರಿನಿಂದ ಸೀರಿಯಲ್ ಕೇಬಲ್ ಮೂಲಕ ಕಂಪ್ಯೂಟರಿಗೆ ತೂಕ ಹೋಗುತ್ತದೆ. ಕಾನೂನು ಮಾಪನ ಇಲಾಖೆಯ ಮುದ್ರೆ ಬೀಳುವುದು ತೂಕದ ಯಂತ್ರದ ಮೇಲೆ. ಕೇಬಲ್ ದಾಟಿ ಕಂಪ್ಯೂಟರಿಗೆ ಬಂದ ಅಂಕಿಗೆ ಯಾರ ಮುದ್ರೆಯೂ ಇಲ್ಲ. ಈ ಪ್ರಕರಣ ನಡೆದದ್ದೆಲ್ಲ ಆ ಮುದ್ರೆ ಇಲ್ಲದ ಜಾಗದಲ್ಲಿ.

ಕೊಠಡಿಯ ಕಂಪ್ಯೂಟರಿನಲ್ಲಿದ್ದದ್ದು ವಿಂಡೋಸ್ 10. ಇಂಡಿಕೇಟರಿನಿಂದ ತೂಕ ಓದಿ ಡೇಟಾಬೇಸಿಗೆ ಬರೆಯುವ ಸಣ್ಣ ಪ್ರೋಗ್ರಾಂ ಒಂದನ್ನು ಮೈಸೂರಿನ ಸಾಫ್ಟ್‌ವೇರ್‌ನವರು ಬರೆದುಕೊಟ್ಟಿದ್ದರು. ಅದು ಮೂಲತಃ ಕಪ್ಪು ಕಿಟಕಿಯಲ್ಲಿ ಓಡುವ ಪ್ರೋಗ್ರಾಂ. ಯಾರೋ ಆ ಕಿಟಕಿ ಮುಚ್ಚಿದರೆ ತೂಕ ಓದುವುದು ನಿಲ್ಲುತ್ತಿತ್ತು. ಅದಕ್ಕೆಂದು ಎನ್‌ಎಸ್‌ಎಸ್‌ಎಂ ಎಂಬ ಸರ್ವಿಸ್ ಮ್ಯಾನೇಜರ್ ಬಳಸಿ ಅದನ್ನು ವಿಂಡೋಸ್ ಸರ್ವಿಸ್, ಅಂದರೆ ಕಿಟಕಿಯಿಲ್ಲದೆ ಹಿನ್ನೆಲೆಯಲ್ಲಿ ಓಡುವ ಕೆಲಸ, ಮಾಡಿದ್ದರು. ಯಾವ ಪ್ರೋಗ್ರಾಮನ್ನಾದರೂ ಸರ್ವಿಸ್ ಆಗಿ ಓಡಿಸುವ, ಬಿದ್ದರೆ ಮತ್ತೆ ಎಬ್ಬಿಸುವ ಪುಟ್ಟ ಸಾಧನ ಅದು. ಫೋಲ್ಡರ್ ಇದ್ದದ್ದು ಸಿ ಡ್ರೈವಿನ ಬುಡದಲ್ಲೇ, ಹೆಸರು ‘ತೂಕ’. ಒಳಗೆ ಎನ್‌ಎಸ್‌ಎಸ್‌ಎಂ, ತೂಕ ಓದುವ ಪ್ರೋಗ್ರಾಂ, ಅದರ ಡಿಎಲ್‌ಎಲ್‌ಗಳು (ಪ್ರೋಗ್ರಾಂ ಓಡುವಾಗ ಎತ್ತಿಕೊಳ್ಳುವ ಸಹಾಯಕ ಫೈಲುಗಳು), ಲಾಗ್, ಮತ್ತು ಮೊದಲು ಸೀರಿಯಲ್ ಪೋರ್ಟನ್ನು 2400 ಬಾಡ್‌ಗೆ ಹೊಂದಿಸಿ ಆಮೇಲೆ ಪ್ರೋಗ್ರಾಂ ಶುರು ಮಾಡುವ ಒಂದು ಬ್ಯಾಚ್ ಫೈಲ್, ಅಂದರೆ ಆಜ್ಞೆಗಳನ್ನು ಸಾಲು ಸಾಲಾಗಿ ಬರೆದಿಟ್ಟ ಫೈಲ್. ಸರ್ವಿಸ್ ಓಡುತ್ತಿದ್ದದ್ದು ಲೋಕಲ್‌ಸಿಸ್ಟಂ ಖಾತೆಯಲ್ಲಿ. ಅದನ್ನು ಯಾರೂ ಯೋಚಿಸಿ ಆರಿಸಿದ್ದಲ್ಲ. ಬೇರೆ ಏನೂ ಹೇಳದಿದ್ದರೆ ಸರ್ವಿಸ್‌ಗೆ ಸಿಗುವುದೇ ಆ ಖಾತೆ, ಮತ್ತು ಅದರ ಕೈ ಅಡ್ಮಿನಿಸ್ಟ್ರೇಟರಿಗಿಂತಲೂ ಉದ್ದ.

ಇಷ್ಟಾದರೂ ಮಿಲ್ಲಿನವರು ಒಂದು ಎಚ್ಚರಿಕೆ ತೆಗೆದುಕೊಂಡಿದ್ದರು. ತೂಕದ ಆಪರೇಟರ್‌ಗಳಿಗೆ ಅಡ್ಮಿನ್ ಹಕ್ಕು ಕೊಟ್ಟಿರಲಿಲ್ಲ. ಎಲ್ಲರದೂ ಸಾಮಾನ್ಯ ಖಾತೆ. ಅಡ್ಮಿನ್ ಇದ್ದದ್ದು ಇಬ್ಬರೇ: ಯಜಮಾನರ ಮಗ, ಮತ್ತು ಮೈಸೂರಿನ ಟೆಕ್ನಿಷಿಯನ್.

ಕಂಡದ್ದು

ಸುಗ್ಗಿಯ ನಡುವೆ ಸರ್ವಿಸಿಗೆ ಬಂದ ಟೆಕ್ನಿಷಿಯನ್ ಅಡ್ಮಿನಿಸ್ಟ್ರೇಟರ್ಸ್ ಗುಂಪು ತೆಗೆದು ನೋಡಿದಾಗ ಮೂರನೆಯ ಹೆಸರೊಂದಿತ್ತು: ‘ಸಪೋರ್ಟ್2’. ತಾನು ಮಾಡಿದ್ದಲ್ಲ ಎಂದ. ಯಜಮಾನರ ಮಗನೂ ಹಾಗೇ ಹೇಳಿದ.

ಸೆಕ್ಯುರಿಟಿ ಲಾಗಿನಲ್ಲಿ ಎರಡು ದಾಖಲೆ ಸಿಕ್ಕವು. ವಿಂಡೋಸ್ ಪ್ರತಿ ಬಗೆಯ ಘಟನೆಗೂ ಒಂದು ಸಂಖ್ಯೆ ಕೊಡುತ್ತದೆ: ಹೊಸ ಖಾತೆ ಹುಟ್ಟಿದ್ದಕ್ಕೆ 4720, ಅದು ಅಡ್ಮಿನ್ ಗುಂಪಿಗೆ ಸೇರಿದ್ದಕ್ಕೆ 4732. ಎರಡೂ ದಾಖಲೆ ಒಂದೇ ರಾತ್ರಿ 2:40ರ ಸುಮಾರಿಗೆ. ಖಾತೆ ಮಾಡಿದವರು ಯಾರು ಎಂಬ ಜಾಗದಲ್ಲಿ ಮನುಷ್ಯರ ಹೆಸರಿರಲಿಲ್ಲ. ಕಂಪ್ಯೂಟರಿನದೇ ಹೆಸರು, ಕೊನೆಗೆ ಡಾಲರ್ ಚಿಹ್ನೆ. ಎಂದರೆ ಸಿಸ್ಟಂ ಖಾತೆಯೇ ಇದನ್ನು ಮಾಡಿದೆ. ಟೆಕ್ನಿಷಿಯನ್ ಇದನ್ನು ವೈರಸ್ ಎಂದು ಓದಿದ. ಆಂಟಿವೈರಸ್‌ನಿಂದ ಪೂರ್ತಿ ಸ್ಕ್ಯಾನ್ ಮಾಡಿಸಿದರು, ಏನೂ ಸಿಗಲಿಲ್ಲ. ಖಾತೆ ಅಳಿಸಿ, ಇಬ್ಬರು ಅಡ್ಮಿನ್‌ಗಳ ಪಾಸ್‌ವರ್ಡ್ ಬದಲಿಸಿ ಹೊರಟುಹೋದ.

ನಾಲ್ಕು ದಿನ ಕಳೆದ ಮೇಲೆ ಬೇರೆ ಹೆಸರಿನಲ್ಲಿ ಅದೇ ಖಾತೆ ಮತ್ತೆ ಬಂತು. ಗದ್ದೆಯ ಜೇಕಿನ ಹಾಗೆ, ಮೇಲಿನ ಹುಲ್ಲು ಕಿತ್ತರೂ ಗಡ್ಡೆ ಒಳಗೇ ಉಳಿದಿತ್ತು.

ಮೊದಲ ಸಲ ಎಡವಿದ್ದು ಒಂದು ಚಿಕ್ಕ ಸಂಗತಿಯಲ್ಲಿ. ಸೆಕ್ಯುರಿಟಿ ಲಾಗನ್ನು ನೋಡಿದರೇ ಹೊರತು ಅದೇ ಹೊತ್ತಿನ ಸಿಸ್ಟಂ ಲಾಗನ್ನು ಪಕ್ಕದಲ್ಲಿಟ್ಟು ನೋಡಲಿಲ್ಲ. ಎರಡನೇ ಸಲ ಎರಡನ್ನೂ ಹೊತ್ತಿನ ಕ್ರಮದಲ್ಲಿ ಜೋಡಿಸಿದಾಗ ವಿಷಯ ತೆರೆದುಕೊಂಡಿತು. ಎರಡೂ ರಾತ್ರಿ ಖಾತೆ ಹುಟ್ಟುವ ಒಂದು ನಿಮಿಷದೊಳಗೆ 6005 ಇತ್ತು. ಇವೆಂಟ್ ಲಾಗ್ ಸರ್ವಿಸ್ ಶುರುವಾದ ದಾಖಲೆ ಅದು, ಅಂದರೆ ಕಂಪ್ಯೂಟರ್ ಆಗತಾನೇ ರೀಸ್ಟಾರ್ಟ್ ಆಗಿತ್ತು. ಯಾರೂ ಲಾಗಿನ್ ಆಗುವ ಮೊದಲೇ, ಸಿಸ್ಟಂ ಹಕ್ಕಿನಲ್ಲಿ ತಾನಾಗಿ ಏಳುವುದು ಸರ್ವಿಸ್‌ಗಳು. ‘ತೂಕ’ ಫೋಲ್ಡರ್ ತೆಗೆದು ನೋಡಿದರೆ ಲಾಗ್ ಬಿಟ್ಟರೆ ಎಲ್ಲ ಫೈಲುಗಳ ತಾರೀಕು ಎರಡು ವರ್ಷ ಹಳೆಯದು. ಬ್ಯಾಚ್ ಫೈಲಿನದು ಮಾತ್ರ ಹಿಂದಿನ ರಾತ್ರಿಯದು, 2:52. ಒಳಗಿನ ಸಾಲುಗಳು ಮೊದಲಿನಂತೆಯೇ ಇದ್ದವು. ಯಾರೋ ಎರಡು ಸಾಲು ಸೇರಿಸಿ, ರೀಸ್ಟಾರ್ಟ್ ಮಾಡಿ, ಕೆಲಸ ಆದ ಮೇಲೆ ಆ ಸಾಲು ತೆಗೆದಿದ್ದರು. ಆಂಟಿವೈರಸ್‌ಗೆ ಸಿಗದಿದ್ದುದಕ್ಕೂ ಇದೇ ಕಾರಣ. ಖಾತೆ ತೆರೆಯುವ, ಗುಂಪಿಗೆ ಸೇರಿಸುವ ಆಜ್ಞೆಗಳು ವಿಂಡೋಸಿನ ಸ್ವಂತ ಆಜ್ಞೆಗಳು. ಅಲ್ಲಿ ವೈರಸ್ ಇರಲೇ ಇಲ್ಲ.

ಹಕ್ಕು ಏರಿದ್ದು ಹೇಗೆ

ಯಾರಿಗೆ ಯಾವ ಹಕ್ಕಿದೆ ಎಂದು ತೋರಿಸುವ ಐಕ್ಯಾಕಲ್ಸ್ ಆಜ್ಞೆಯನ್ನು ಫೋಲ್ಡರಿನ ಮೇಲೆ ಓಡಿಸಿದಾಗ ‘ಅಥೆಂಟಿಕೇಟೆಡ್ ಯೂಸರ್ಸ್’ ಎದುರು ಎಂ ಎಂಬ ಅಕ್ಷರವಿತ್ತು. ಎಂ ಅಂದರೆ ಮಾಡಿಫೈ: ಬರೆಯಬಹುದು, ಅಳಿಸಬಹುದು, ಹೆಸರು ಬದಲಿಸಬಹುದು. ಅಥೆಂಟಿಕೇಟೆಡ್ ಯೂಸರ್ಸ್ ಅಂದರೆ ಲಾಗಿನ್ ಆದ ಯಾರೇ ಆದರೂ. ಇದನ್ನು ಯಾರೂ ಕೊಟ್ಟಿದ್ದಲ್ಲ. ವಿಂಡೋಸ್ 10, 11ರಲ್ಲಿ ಸಿ ಡ್ರೈವಿನ ಬುಡದಲ್ಲಿ ಹೊಸ ಫೋಲ್ಡರ್ ಮಾಡಿದರೆ ಮೇಲಿನಿಂದ ಈ ಹಕ್ಕು ತಾನಾಗಿ ಇಳಿದು ಬರುತ್ತದೆ. ಪ್ರೋಗ್ರಾಂ ಫೈಲ್ಸ್ ಒಳಗಾದರೆ ಬರುವುದಿಲ್ಲ, ಅಲ್ಲಿ ಸಾಮಾನ್ಯರಿಗೆ ಓದಿ ಓಡಿಸುವ ಹಕ್ಕು ಮಾತ್ರ.

ಮೈಸೂರಿನವರು ತಮ್ಮ ಆಫೀಸಿನಲ್ಲಿ ಇದನ್ನು ಪರೀಕ್ಷಿಸಿದ್ದರಂತೆ, ತೊಂದರೆ ಕಂಡಿರಲಿಲ್ಲ. ಅವರು ಹೇಳಿದ್ದು ಸುಳ್ಳಲ್ಲ. ಅವರ ಪರೀಕ್ಷೆ ನಡೆದದ್ದು ವಿಂಡೋಸ್ ಸರ್ವರ್ ಮೇಲೆ. ಸರ್ವರ್‌ನಲ್ಲಿ ಸಿ ಡ್ರೈವಿನ ಬುಡದ ಹಕ್ಕುಗಳೇ ಬೇರೆ. ಅಲ್ಲಿ ಮಾಡಿದ ಫೋಲ್ಡರಿನೊಳಗೆ ಸಾಮಾನ್ಯ ಬಳಕೆದಾರ ಹೊಸ ಫೈಲ್ ಸೇರಿಸಬಲ್ಲನೇ ಹೊರತು ಬೇರೆಯವರು ಇಟ್ಟ ಫೈಲನ್ನು ತಿದ್ದಲಾರ. ಅದೇ ಇನ್‌ಸ್ಟಾಲರ್, ಅದೇ ಫೋಲ್ಡರ್ ಹೆಸರು. ಸರ್ವರ್‌ನಲ್ಲಿ ಅರ್ಧ ಮುಚ್ಚಿದ ಬಾಗಿಲು ಮಿಲ್ಲಿನ ಕಂಪ್ಯೂಟರಿನಲ್ಲಿ ಪೂರ್ತಿ ತೆರೆದಿತ್ತು. ಗಿರಾಕಿಯ ಬಳಿ ಇರುವಂಥದ್ದೇ ವಿಂಡೋಸಿನಲ್ಲಿ, ಅಡ್ಮಿನ್ ಅಲ್ಲದ ಖಾತೆಯಿಂದ ಪರೀಕ್ಷಿಸದೆ ಇಂಥದ್ದು ಕಾಣುವುದಿಲ್ಲ.

ತಪ್ಪು ಎನ್‌ಎಸ್‌ಎಸ್‌ಎಂದಲ್ಲ ಎನ್ನುವುದನ್ನೂ ಹೇಳಬೇಕು. ಅದು ಹೇಳಿದ್ದನ್ನು ಓಡಿಸುತ್ತದೆ, ಅಷ್ಟೇ. ತೊಂದರೆ ಇದ್ದದ್ದು ಎರಡು ಸಂಗತಿ ಒಂದೆಡೆ ಸೇರಿದ್ದರಲ್ಲಿ: ಅತಿ ಹೆಚ್ಚು ಹಕ್ಕಿನಲ್ಲಿ ಓಡುವ ಕೆಲಸ, ಅತಿ ಕಡಿಮೆ ಹಕ್ಕಿನವರೂ ಬರೆಯಬಲ್ಲ ಫೋಲ್ಡರ್. ಆಪರೇಟರಿಗೆ ಸರ್ವಿಸನ್ನು ರೀಸ್ಟಾರ್ಟ್ ಮಾಡುವ ಹಕ್ಕಿರಲಿಲ್ಲ, ನಿಜ. ಆದರೆ ಕಂಪ್ಯೂಟರನ್ನೇ ರೀಸ್ಟಾರ್ಟ್ ಮಾಡುವ ಹಕ್ಕು ಡೆಸ್ಕ್‌ಟಾಪ್ ವಿಂಡೋಸಿನಲ್ಲಿ ಎಲ್ಲರಿಗೂ ಇರುತ್ತದೆ.

ಯಾರು, ಯಾಕೆ

ಆ ಎರಡೂ ರಾತ್ರಿ ಪಾಳಿಯಲ್ಲಿದ್ದದ್ದು ಒಬ್ಬನೇ ಆಪರೇಟರ್. ಯಜಮಾನರು ಪೊಲೀಸ್ ಕಂಪ್ಲೇಂಟಿಗೆ ಹೊರಟಿದ್ದರು, ತೂಕದಲ್ಲಿ ಕೈಚಳಕ ನಡೆದಿದೆ ಎಂಬುದು ಅವರ ಅನುಮಾನ. ಇಲ್ಲಿ ಒಂದು ದಿನ ತಡೆದದ್ದು ಪ್ರಕರಣದ ಮುಖ್ಯ ತಿರುವು. ಮೊದಲು ಲೆಕ್ಕ ತಾಳೆ ನೋಡೋಣ, ಆಮೇಲೆ ಮಾತಾಡೋಣ ಎಂದು ಮಗ ಒಪ್ಪಿಸಿದ.

ತಾಳೆ ನೋಡುವುದರಲ್ಲೂ ಒಂದು ಸೂಕ್ಷ್ಮವಿದೆ. ಅಡ್ಮಿನ್ ಆದವನು ಡೇಟಾಬೇಸನ್ನೂ ತಿದ್ದಬಲ್ಲ, ಲಾಗನ್ನೂ ಅಳಿಸಬಲ್ಲ. ಹಾಗಾಗಿ ಆ ಕಂಪ್ಯೂಟರಿನೊಳಗಿನ ಯಾವ ದಾಖಲೆಯೂ ತನ್ನ ಪರವಾಗಿ ತಾನೇ ಸಾಕ್ಷಿ ಹೇಳುವಂತಿಲ್ಲ. ಸಾಕ್ಷಿ ಹೊರಗಿನಿಂದ ಬರಬೇಕು. ಅದೃಷ್ಟಕ್ಕೆ ಡಾಟ್ ಮ್ಯಾಟ್ರಿಕ್ಸ್ ಪ್ರಿಂಟರಿನ ಕಾರ್ಬನ್ ಪ್ರತಿಗಳು ಕಟ್ಟು ಕಟ್ಟಾಗಿ ಆಫೀಸಿನಲ್ಲಿದ್ದವು. ಗೇಟಿನ ವಾಚ್‌ಮನ್ ಗಾಡಿ ನಂಬರ್, ಬಂದ ಹೊತ್ತು, ಹೋದ ಹೊತ್ತು ಬರೆಯುವ ರಿಜಿಸ್ಟರ್ ಇತ್ತು. ಮೊದಲ ಖಾತೆ ಹುಟ್ಟಿದ ದಿನದಿಂದ ಆ ಆಪರೇಟರಿನ ಪಾಳಿಯ ಎಲ್ಲ ಚೀಟಿಗಳನ್ನು ಮೂರು ಕಡೆ ಇಟ್ಟು ನೋಡಿದರು. ತೂಕ ಎಲ್ಲೂ ಬದಲಾಗಿರಲಿಲ್ಲ. ಮೂರು ಚೀಟಿ ಎರಡು ಸಲ ಪ್ರಿಂಟ್ ಆಗಿದ್ದವು, ಅಷ್ಟೇ. ಆ ಮೂರು ಚೀಟಿಯೇ ಕಾರಣವನ್ನು ಹೇಳಿದವು.

ಕೂರಿಸಿ ಕೇಳಿದಾಗ ಅವನು ಮುಚ್ಚಿಡಲಿಲ್ಲ. “ಚೀಟಿ ಬತ್ತಿರ್ನಿಲ್ಲ ಯಜಮಾನ್ರೇ. ಹದ್ನಾಕು ಟ್ರ್ಯಾಕ್ಟ್ರು ನಿಂತಿದ್ದೊ. ಮೈಸೂರ್ನವ್ರು ಫೋನ್ ತಗೀನಿಲ್ಲ. ರೈತ್ರು ಬಾಗ್ಲು ಬಡೀತಿದ್ರು.” ಪ್ರಿಂಟ್ ಕ್ಯೂನಲ್ಲಿ ಒಂದು ಚೀಟಿ ಸಿಕ್ಕಿಹಾಕಿಕೊಂಡರೆ, ಅದನ್ನು ಅಳಿಸಲು ಹೋದರೆ ‘ಡಿಲೀಟಿಂಗ್’ ಎಂದೇ ನಿಂತುಬಿಡುತ್ತದೆ. ಚೀಟಿಗಳನ್ನು ಸಾಲಾಗಿ ಪ್ರಿಂಟರಿಗೆ ಕಳಿಸುವ ಪ್ರಿಂಟ್ ಸ್ಪೂಲರ್ ಸರ್ವಿಸನ್ನು ನಿಲ್ಲಿಸಿ ಶುರು ಮಾಡಿದರೆ ಅರ್ಧ ನಿಮಿಷದ ಕೆಲಸ, ಅದಕ್ಕೆ ಅಡ್ಮಿನ್ ಬೇಕು. ಕಂಪ್ಯೂಟರ್ ರೀಸ್ಟಾರ್ಟ್ ಮಾಡಿದರೂ ಸರಿಹೋಗುತ್ತದೆ. ಆದರೆ ಹಳೆ ಹಾರ್ಡ್‌ಡಿಸ್ಕಿನ ಆ ಕಂಪ್ಯೂಟರ್ ಎದ್ದು ತೂಕ ತೋರಿಸಲು ಏಳೆಂಟು ನಿಮಿಷ, ಒಂದು ರಾತ್ರಿಗೆ ನಾಲ್ಕೈದು ಸಲ. ಡಿಪ್ಲೊಮಾ ಓದುವ ನೆಂಟರ ಹುಡುಗನೊಬ್ಬ ಬ್ಯಾಚ್ ಫೈಲಿನ ದಾರಿ ತೋರಿಸಿದ್ದ.

ಅವನಿಗೆ ಬೇಕಿದ್ದದ್ದು ಒಂದು ಸರ್ವಿಸಿನ ಮೇಲೆ ಸ್ಟಾರ್ಟ್, ಸ್ಟಾಪ್. ಅದಕ್ಕೆ ಅವನು ಪಡೆದದ್ದು ಇಡೀ ಕಂಪ್ಯೂಟರು.

ಮಾಡಿದ ಪ್ರಯತ್ನಗಳು

ಮೊದಲ ಪ್ರಯತ್ನ ಆ ರಾತ್ರಿಯದೇ. ಬ್ಯಾಚ್ ಫೈಲಿಗೆ ಸಾಮಾನ್ಯರು ಬರೆಯದಂತೆ ಬೀಗ ಹಾಕಿದರು. ಮಾರನೇ ದಿನ ಆಪರೇಟರ್ ಖಾತೆಯಿಂದಲೇ ಪರೀಕ್ಷಿಸಿದಾಗ ಅದು ಸಾಲದೆಂದು ಗೊತ್ತಾಯಿತು. ಓಡುತ್ತಿರುವ ಇಎಕ್ಸ್‌ಇ ಫೈಲಿನ ಮೇಲೆ ಬರೆಯಲು ವಿಂಡೋಸ್ ಬಿಡುವುದಿಲ್ಲ, ಆದರೆ ಅದರ ಹೆಸರು ಬದಲಿಸಲು ಬಿಡುತ್ತದೆ. ಹೆಸರು ಬದಲಿಸಿ ಆ ಜಾಗಕ್ಕೆ ಬೇರೊಂದನ್ನು ಇಟ್ಟರೆ ಮುಂದಿನ ರೀಸ್ಟಾರ್ಟಿನಲ್ಲಿ ಹೊಸದು ಓಡುತ್ತದೆ. ಇಎಕ್ಸ್‌ಇಗಳಿಗೂ ಬೀಗ ಹಾಕಿದರು. ಆಗಲೂ ಫೋಲ್ಡರಿಗೆ ಹೊಸ ಫೈಲ್ ಸೇರಿಸಬಹುದಿತ್ತು. ಪ್ರೋಗ್ರಾಂ ತನ್ನ ಡಿಎಲ್‌ಎಲ್‌ಗಳನ್ನು ಮೊದಲು ಹುಡುಕುವುದು ತನ್ನದೇ ಫೋಲ್ಡರಿನಲ್ಲಿ, ಹಾಗಾಗಿ ಸರಿಯಾದ ಹೆಸರಿನ ಡಿಎಲ್‌ಎಲ್ ಒಂದನ್ನು ತಂದಿಟ್ಟರೂ ಅದೇ ಫಲ. ಒಂದೊಂದೇ ಫೈಲಿಗೆ ಬೀಗ ಹಾಕುವುದು ಬೇಲಿಯ ಒಂದೊಂದೇ ಸಂದಿಗೆ ಮುಳ್ಳು ಇಟ್ಟ ಹಾಗೆ. ಕೊನೆಗೆ ಇಡೀ ಫೋಲ್ಡರನ್ನು ಪ್ರೋಗ್ರಾಂ ಫೈಲ್ಸ್ ಒಳಕ್ಕೆ ಸಾಗಿಸಿದರು. ಸಾಗಿಸುವಾಗ ಮೂವ್ ಮಾಡಬಾರದು, ಕಾಪಿ ಮಾಡಬೇಕು. ಒಂದೇ ಡ್ರೈವಿನೊಳಗೆ ಮೂವ್ ಮಾಡಿದರೆ ಹಳೆಯ ಹಕ್ಕುಗಳೂ ಜೊತೆಗೇ ಬರುವ ಸಂಭವವಿದೆ. ಯಾವುದಕ್ಕೂ ಆಮೇಲೆ ಐಕ್ಯಾಕಲ್ಸ್‌ನಿಂದ ನೋಡುವುದು ತಪ್ಪಿದ್ದಲ್ಲ.

ಲಾಗ್ ಫೈಲುಗಳನ್ನು ಪ್ರೋಗ್ರಾಂಡೇಟಾ ಎಂಬ ಫೋಲ್ಡರಿನಲ್ಲಿ ಇಟ್ಟರು. ಇಲ್ಲೊಂದು ಗುಂಡಿ ಇದೆ. ಪ್ರೋಗ್ರಾಂಡೇಟಾದಲ್ಲಿ ಸಾಮಾನ್ಯ ಬಳಕೆದಾರರೂ ಹೊಸ ಫೈಲ್ ಮಾಡಬಹುದು. ಅಲ್ಲಿ ಲಾಗ್ ಇಡಬಹುದೇ ಹೊರತು ಸರ್ವಿಸ್ ಓದಿ ಓಡಿಸುವ ಸ್ಕ್ರಿಪ್ಟಾಗಲಿ ಸೆಟ್ಟಿಂಗಾಗಲಿ ಇಡಬಾರದು. ಲಾಗಿನ ಉಪಫೋಲ್ಡರಿಗೂ ಮೇಲಿನ ಹಕ್ಕು ಇಳಿಯದಂತೆ ತಡೆದು, ಸರ್ವಿಸಿಗೆ ಮತ್ತು ಅಡ್ಮಿನ್‌ಗೆ ಮಾತ್ರ ಬರೆಯುವ ಹಕ್ಕು ಕೊಟ್ಟರು. ವಿಂಡೋಸ್ ತನ್ನ ಸೆಟ್ಟಿಂಗ್‌ಗಳನ್ನು ಇಡುವ ರಿಜಿಸ್ಟ್ರಿಯನ್ನೂ ಮರೆಯಲಿಲ್ಲ. ಎನ್‌ಎಸ್‌ಎಸ್‌ಎಂ ಯಾವ ಪ್ರೋಗ್ರಾಂ ಓಡಿಸಬೇಕು ಎಂಬುದನ್ನು ಆ ಸರ್ವಿಸಿನ ಪ್ಯಾರಾಮೀಟರ್ಸ್ ಕೀಲಿಯಲ್ಲಿ ಬರೆದಿಡುತ್ತದೆ. ಅದಕ್ಕೆ ಸಾಮಾನ್ಯರು ಬರೆಯಬಲ್ಲರಾದರೆ ಫೋಲ್ಡರಿಗೆ ಎಷ್ಟು ಬೀಗ ಹಾಕಿದರೂ ವ್ಯರ್ಥ. ಇಲ್ಲಿ ಅದು ಸರಿಯಾಗಿಯೇ ಇತ್ತು.

ಎರಡನೇ ಪ್ರಯತ್ನ ಕೆಟ್ಟದ್ದು, ಆದರೆ ಬಹಳ ಕಡೆ ನಡೆಯುವಂಥದ್ದು. ಆಪರೇಟರ್‌ಗಳೇ ಸರ್ವಿಸ್ ರೀಸ್ಟಾರ್ಟ್ ಮಾಡಿಕೊಳ್ಳಲಿ ಎಂದು ಟೆಕ್ನಿಷಿಯನ್ ದೂರದಿಂದಲೇ ಕೂತು ಆ ಸರ್ವಿಸಿನ ಮೇಲೆ ‘ಎವ್ರಿವನ್’ಗೆ ಫುಲ್ ಕಂಟ್ರೋಲ್ ಕೊಟ್ಟ. ಫುಲ್ ಕಂಟ್ರೋಲಿನಲ್ಲಿ ಸರ್ವಿಸಿನ ಸೆಟ್ಟಿಂಗ್ ಬದಲಿಸುವ ಹಕ್ಕೂ ಸೇರಿದೆ. ಸರ್ವಿಸ್ ಓಡಿಸುವ ಫೈಲಿನ ದಾರಿಯನ್ನೇ ಬೇರೆ ಕಡೆಗೆ ತಿರುಗಿಸಿದರೆ ಬೀಗ ಹಾಕಿದ ಫೋಲ್ಡರಿನ ತಂಟೆಗೇ ಹೋಗಬೇಕಿಲ್ಲ. ಒಂದೇ ರಾತ್ರಿ ಇತ್ತು, ಮಾರನೇ ದಿನ ತೆಗೆದರು.

ಸರಿಯಾದ ದಾರಿ ಹೀಗಿತ್ತು. ಸರ್ವಿಸ್‌ಗಳನ್ನು ನಿಭಾಯಿಸುವ ಎಸ್‌ಸಿ ಆಜ್ಞೆಯ ಎಸ್‌ಡಿಶೋ ಸರ್ವಿಸಿನ ಹಕ್ಕುಗಳನ್ನು ಅಕ್ಷರಗಳ ಒಂದು ಸಾಲಾಗಿ ತೋರಿಸುತ್ತದೆ. ಆರ್‌ಪಿ ಎಂದರೆ ಸ್ಟಾರ್ಟ್, ಡಬ್ಲ್ಯುಪಿ ಎಂದರೆ ಸ್ಟಾಪ್, ಎಲ್‌ಸಿ ಎಂದರೆ ಸ್ಥಿತಿ ನೋಡುವುದು. ಅಪಾಯದ ಅಕ್ಷರಗಳು ಮೂರು. ಡಿಸಿ ಸೆಟ್ಟಿಂಗ್ ಬದಲಿಸುತ್ತದೆ, ಡಬ್ಲ್ಯುಡಿ ಹಕ್ಕುಗಳನ್ನೇ ಬದಲಿಸುತ್ತದೆ, ಡಬ್ಲ್ಯುಒ ಒಡೆತನ ಬದಲಿಸುತ್ತದೆ. ‘ತೂಕದವರು’ ಎಂಬ ಗುಂಪು ಮಾಡಿ ಆಪರೇಟರ್‌ಗಳನ್ನು ಅದಕ್ಕೆ ಸೇರಿಸಿ, ಮೊದಲಿನ ಮೂರು ಅಕ್ಷರಗಳನ್ನು ಮಾತ್ರ ಕೊಟ್ಟರು, ತೂಕದ ಸರ್ವಿಸಿಗೆ ಒಮ್ಮೆ, ಪ್ರಿಂಟ್ ಸ್ಪೂಲರಿಗೆ ಒಮ್ಮೆ. ಎಸ್‌ಡಿಸೆಟ್ ಆಜ್ಞೆ ಹಳೆಯ ಸಾಲಿಗೆ ಸೇರಿಸುವುದಿಲ್ಲ, ಪೂರ್ತಿ ಅಳಿಸಿ ಹೊಸದನ್ನು ಬರೆಯುತ್ತದೆ. ಹಾಗಾಗಿ ಮೊದಲು ಹಳೆಯದನ್ನು ನಕಲು ಮಾಡಿ ಎತ್ತಿಟ್ಟುಕೊಳ್ಳಬೇಕು. ಹೊಸ ತುಂಡನ್ನು ಸಾಲಿನ ಕೊನೆಗೆ ಅಂಟಿಸಬಾರದು. ಎಸ್ ಅಕ್ಷರ ಮತ್ತು ಕೋಲನ್‌ನಿಂದ ಶುರುವಾಗುವ ಭಾಗಕ್ಕೆ ಮೊದಲು ಸೇರಿಸಬೇಕು. ಆಮೇಲೆ ಡೆಸ್ಕ್‌ಟಾಪ್ ಮೇಲೆ ಎರಡು ಐಕಾನ್: ‘ಪ್ರಿಂಟರ್ ಸರಿಮಾಡು’, ‘ತೂಕ ಮತ್ತೆ ಶುರು’. ಪ್ರಿಂಟರನ್ನು ಬೇರೆ ಕಂಪ್ಯೂಟರಿಗೆ ಹಂಚಿರಲಿಲ್ಲವಾದ್ದರಿಂದ ಸ್ಪೂಲರ್ ಹೊರಗಿನ ಸಂಪರ್ಕ ಸ್ವೀಕರಿಸದಂತೆ ಪಾಲಿಸಿಯಲ್ಲಿ ಮುಚ್ಚಿದರು. 2021ರ ಪ್ರಿಂಟ್‌ನೈಟ್‌ಮೇರ್ ದೋಷವನ್ನು ಕಂಡವರು ಸ್ಪೂಲರನ್ನು ಅಗತ್ಯಕ್ಕಿಂತ ಹೆಚ್ಚು ತೆರೆದಿಡುವುದಿಲ್ಲ.

ತೂಕದ ಸರ್ವಿಸ್ ಓಡುವ ಖಾತೆಯನ್ನು ಬದಲಿಸಿದ್ದು ಮೂರನೆಯದು. ಇದನ್ನು ಗಾಡಿಗಳಿಲ್ಲದ ಭಾನುವಾರ ಬೆಳಿಗ್ಗೆ ಇಟ್ಟುಕೊಂಡರು. ವಿಂಡೋಸ್ 7ರ ಕಾಲದಿಂದಲೂ ಪ್ರತಿ ಸರ್ವಿಸಿಗೆ ಅದರದೇ ಹೆಸರಿನ ವರ್ಚುವಲ್ ಖಾತೆ ಸಿಗುತ್ತದೆ. ‘ಎನ್‌ಟಿ ಸರ್ವಿಸ್’ ಎಂದು ಬರೆದು, ಹಿಂದಕ್ಕೆ ವಾಲಿದ ಗೆರೆ ಹಾಕಿ, ಸರ್ವಿಸಿನ ಹೆಸರು ಸೇರಿಸಿದರೆ ಆಯಿತು. ಪಾಸ್‌ವರ್ಡಿನ ಜಾಗ ಖಾಲಿ ಬಿಡಬೇಕು. ಬದಲಿಸಿದ ಕೂಡಲೇ ಎರಡು ಕಡೆ ಮುರಿಯಿತು. ಲಾಗ್ ಫೈಲ್ ತೆರೆಯಲಾಗದೆ ಸರ್ವಿಸ್ ಏಳಲಿಲ್ಲ, ಲಾಗ್ ಫೋಲ್ಡರಿನ ಹಕ್ಕು ಇನ್ನೂ ಸಿಸ್ಟಂ ಹೆಸರಿನಲ್ಲೇ ಇತ್ತು. ಅದು ಸರಿಯಾದ ಮೇಲೆ ಡೇಟಾಬೇಸ್ ನಡೆಸುವ ಎಸ್‌ಕ್ಯೂಎಲ್ ಸರ್ವರ್ ಎಕ್ಸ್‌ಪ್ರೆಸ್, ದೋಷ ಸಂಖ್ಯೆ 18456 ತೋರಿಸಿ ಲಾಗಿನ್ ನಿರಾಕರಿಸಿತು. ಹೊಸ ಖಾತೆಗೆ ಲಾಗಿನ್ ಮಾಡಿಕೊಟ್ಟು, ತೂಕದ ಟೇಬಲಿಗೆ ಸೇರಿಸುವ ಮತ್ತು ಓದುವ ಹಕ್ಕು ಮಾತ್ರ ಕೊಟ್ಟರು. ತಿದ್ದುವ, ಅಳಿಸುವ ಹಕ್ಕು ಕೊಡಲಿಲ್ಲ, ಒಮ್ಮೆ ಬಿದ್ದ ತೂಕವನ್ನು ತಿದ್ದುವ ಕೆಲಸ ಆ ಪ್ರೋಗ್ರಾಮಿಗಿಲ್ಲ. ಸೀರಿಯಲ್ ಪೋರ್ಟ್ ಯಾವ ತಕರಾರೂ ಇಲ್ಲದೆ ತೆರೆಯಿತು. ಎಲ್ಲ ಸೇರಿ ನಲವತ್ತು ನಿಮಿಷ.

ಸಣ್ಣ ಖಾತೆಗೆ ಬದಲಿಸಿದರೆ ಕೆಲಸ ಮುಗಿಯಿತು ಎಂದು ಹಲವರು ತಿಳಿಯುತ್ತಾರೆ. ಸರ್ವಿಸ್ ಖಾತೆಗಳಿಗೆ ಇನ್ನೊಬ್ಬರ ಸೋಗು ಹಾಕುವ ಹಕ್ಕು, ಅಂದರೆ ಇಂಪರ್ಸನೇಟ್ ಪ್ರಿವಿಲೇಜ್, ತಾನಾಗಿ ಸಿಕ್ಕಿರುತ್ತದೆ. ‘ಪೊಟಾಟೊ’ ಹೆಸರಿನ ಹಲವು ತಂತ್ರಗಳು ಅದನ್ನೇ ಹಿಡಿದು ಸಿಸ್ಟಂವರೆಗೆ ಹತ್ತುತ್ತವೆ. ತೂಕ ಓದಲು ಸೋಗು ಬೇಕಿಲ್ಲ. ಎಸ್‌ಸಿಯ ಪ್ರಿವ್ಸ್ ಆಜ್ಞೆಯಿಂದ ಆ ಸರ್ವಿಸಿಗೆ ಬೇಕಾದ ಒಂದೇ ಪ್ರಿವಿಲೇಜ್ ಬರೆದು ಉಳಿದದ್ದನ್ನು ಕಿತ್ತುಹಾಕಿದರು.

ಆಮೇಲೆ

ಆಪರೇಟರ್ ಕೆಲಸದಲ್ಲೇ ಇದ್ದಾನೆ, ಲಿಖಿತ ಎಚ್ಚರಿಕೆಯೊಂದಿಗೆ. ಅವನು ಅಡ್ಮಿನ್ ಆಗಿದ್ದ ಅವಧಿಯಲ್ಲಿ ಕಂಪ್ಯೂಟರಿನಲ್ಲಿ ಬೇರೇನು ಉಳಿದಿದೆ ಎಂದು ನಂಬಿ ಕೂರುವಂತಿರಲಿಲ್ಲವಾದ್ದರಿಂದ ಸುಗ್ಗಿ ಮುಗಿದ ವಾರವೇ ವಿಂಡೋಸನ್ನು ಹೊಸದಾಗಿ ಹಾಕಿದರು, ಎಸ್‌ಎಸ್‌ಡಿ ಸಮೇತ. ಏಳೆಂಟು ನಿಮಿಷದ ರೀಸ್ಟಾರ್ಟ್ ಒಂದು ನಿಮಿಷಕ್ಕಿಳಿಯಿತು. ಇದನ್ನು ಎರಡು ವರ್ಷ ಮೊದಲೇ ಮಾಡಿದ್ದರೆ ಬ್ಯಾಚ್ ಫೈಲಿನ ಸುದ್ದಿ ಬಹುಶಃ ಯಾರಿಗೂ ಬೇಕಾಗುತ್ತಿರಲಿಲ್ಲ. ಸೆಕ್ಯುರಿಟಿ ಲಾಗಿನ ಅಳತೆ ತಾನಾಗಿ 20 ಎಂಬಿ ಇರುತ್ತದೆ, ತುಂಬಿದರೆ ಹಳೆಯದು ಅಳಿದುಹೋಗುತ್ತದೆ. ಅದನ್ನು 200 ಎಂಬಿಗೆ ಏರಿಸಿದರು. ಪ್ರತಿ ಸೋಮವಾರ ಯಜಮಾನರ ಮಗ 4720, 4732, ಹೊಸ ಸರ್ವಿಸ್ ಬಂದದ್ದಕ್ಕೆ 7045, ಸರ್ವಿಸ್ ಶುರುವಾಗುವ ಬಗೆ ಬದಲಾದದ್ದಕ್ಕೆ 7040, ಈ ನಾಲ್ಕನ್ನು ಸೋಸಿ ನೋಡುತ್ತಾನೆ. ಸರ್ವಿಸ್ ಫೋಲ್ಡರಿನ ಫೈಲುಗಳ ಎಸ್‌ಎಚ್‌ಎ-256 ಹ್ಯಾಶ್ (ಫೈಲಿನಲ್ಲಿ ಒಂದಕ್ಷರ ಬದಲಾದರೂ ತಾನೂ ಬದಲಾಗುವ ಗುರುತಿನ ಸಂಖ್ಯೆ) ಪಟ್ಟಿಯ ಪ್ರಿಂಟ್ ಆಫೀಸಿನ ಬೀರುವಿನಲ್ಲಿದೆ. ಅದೇ ಕಂಪ್ಯೂಟರಿನಲ್ಲಿ ಇಟ್ಟರೆ ಅದಕ್ಕೆ ಅರ್ಥವಿಲ್ಲ.

ಇದರ ಬೆನ್ನಿಗೇ ಮಿಲ್ಲಿನ ಎಲ್ಲ ಕಂಪ್ಯೂಟರುಗಳ ಮೇಲೆ ಸಿಸ್‌ಇಂಟರ್ನಲ್ಸ್‌ನ ಆಕ್ಸೆಸ್‌ಚೆಕ್ ಓಡಿಸಿದರು, ಸಾಮಾನ್ಯ ಬಳಕೆದಾರ ಬರೆಯಬಲ್ಲ ಸರ್ವಿಸ್ ಯಾವುದಿದೆ ಎಂದು. ಆಫೀಸಿನ ಕಂಪ್ಯೂಟರಿನಲ್ಲಿ ಬೆರಳಚ್ಚು ಹಾಜರಿಯ ಸಾಫ್ಟ್‌ವೇರ್ ಸಿಕ್ಕಿಬಿತ್ತು. ಅದು ಡಿ ಡ್ರೈವಿನಲ್ಲಿ, ಹೆಸರಿನ ನಡುವೆ ಸ್ಪೇಸ್ ಇರುವ ಫೋಲ್ಡರಿನಲ್ಲಿದೆ, ಸರ್ವಿಸಿನ ದಾರಿಗೆ ಉದ್ಧರಣ ಚಿಹ್ನೆ ಇಲ್ಲ. ಹಾಗಿದ್ದಾಗ ವಿಂಡೋಸ್ ಮೊದಲ ಸ್ಪೇಸ್‌ವರೆಗಿನ ಹೆಸರನ್ನೇ ಪ್ರೋಗ್ರಾಂ ಎಂದುಕೊಂಡು ಹುಡುಕುತ್ತದೆ. ಸಿ ಡ್ರೈವಿನ ಬುಡದಲ್ಲಿ ಸಾಮಾನ್ಯರು ಫೈಲ್ ಇಡಲಾರರು, ಡಿ ಡ್ರೈವಿನ ಬುಡದಲ್ಲಿ ಇಡಬಲ್ಲರು. ಉದ್ಧರಣ ಚಿಹ್ನೆ ಹಾಕಿದ್ದು ಎರಡು ನಿಮಿಷದ ಕೆಲಸ. ಆದರೆ ಫೋಲ್ಡರಿನ ಹಕ್ಕು ಬಿಗಿ ಮಾಡಿದರೆ ಹಾಜರಿಯ ಸಾಫ್ಟ್‌ವೇರೇ ನಿಲ್ಲುತ್ತದೆ, ಯಾಕೆಂದರೆ ಅದರ ಕೈಪಿಡಿಯೇ ‘ಎವ್ರಿವನ್, ಫುಲ್ ಕಂಟ್ರೋಲ್’ ಬೇಕೆನ್ನುತ್ತದೆ. ಕೊಟ್ಟವರಿಗೆ ಬರೆದ ಪತ್ರಕ್ಕೆ ಉತ್ತರ ಬಂದಿಲ್ಲ. ಸದ್ಯ ಆ ಕಂಪ್ಯೂಟರಿಗೆ ಲೆಕ್ಕಿಗರೊಬ್ಬರನ್ನು ಬಿಟ್ಟು ಬೇರೆ ಯಾರೂ ಲಾಗಿನ್ ಆಗದಂತೆ ಮಾಡಿ, ಸಂಬಳದ ಲೆಕ್ಕವನ್ನು ಅಲ್ಲಿಂದ ಬೇರೆ ಕಂಪ್ಯೂಟರಿಗೆ ಎತ್ತಿದ್ದಾರೆ.